ಚಿತ್ರ ತೆಗೆದು ಏನು ಮಾಡುತ್ತೀರಿ?

ಚಿತ್ರಮಂದಿರದಲ್ಲಿ ಸಿನಿಮಾ ಶುರುವಾಗುವ ಮೊದಲು ಸರ್ಕಾರದ ವಾರ್ತಾಚಿತ್ರ, ಸಾಕ್ಷ್ಯಚಿತ್ರ ನೋಡಿದ ನೆನಪು ಹಿರಿಯ ಕೇಳುಗರಿಗೆ ಇದ್ದೇ ಇರುತ್ತದೆ. 1948ರಲ್ಲಿ ಹುಟ್ಟಿದ ಫಿಲ್ಮ್ಸ್ ಡಿವಿಷನ್ ಅವನ್ನು ತಯಾರಿಸುತ್ತಿತ್ತು. ಚಿತ್ರಮಂದಿರದವರು ಕಡ್ಡಾಯವಾಗಿ ತೋರಿಸಬೇಕಿತ್ತು. ಅಣೆಕಟ್ಟು, ಉಕ್ಕಿನ ಕಾರ್ಖಾನೆ, ನೆರೆ ಪರಿಹಾರ ಹೀಗೆ ಒಂದೊಂದು ಸಲ ಒಂದೊಂದು. ತೆರೆಯ ಮೇಲೆ ಜನ ಓಡಾಡುತ್ತಿದ್ದರು, ಕಲ್ಲು ಹೊರುತ್ತಿದ್ದರು, ಕ್ಯಾಮೆರಾ ಕಂಡು ನಗುತ್ತಿದ್ದರು. ಮಾತು ಮಾತ್ರ ಅವರದಲ್ಲ. ಹಿನ್ನೆಲೆಯಿಂದ ಬರುವ ಒಂದು ಗಂಭೀರವಾದ ಗಂಡುಧ್ವನಿಯದು. ಆ ಚಿತ್ರಗಳಲ್ಲಿ ಒಳ್ಳೆಯವು ಇರಲಿಲ್ಲವೆಂದಲ್ಲ, ನುರಿತ ಕಲಾವಿದರು ಅಲ್ಲಿ ದುಡಿದಿದ್ದಾರೆ. ಆದರೆ ಕಲ್ಲು ಹೊರುವ ಮನುಷ್ಯ ಚಿತ್ರ ತೆಗೆಯುವವನನ್ನು ತಿರುಗಿ ಒಂದು ಮಾತು ಕೇಳುವುದಕ್ಕೆ ಅಲ್ಲಿ ಜಾಗವಿರಲಿಲ್ಲ.

ಹಾಗೆ ತಿರುಗಿ ಕೇಳಿದ ಒಬ್ಬ ಹೆಂಗಸಿನ ಬಗ್ಗೆ, ಆಕೆಯ ಪ್ರಶ್ನೆಯನ್ನು ತನ್ನ ಚಿತ್ರದೊಳಗೇ ಉಳಿಸಿಕೊಂಡ ಒಬ್ಬ ಸ್ವತಂತ್ರ ಸಾಕ್ಷ್ಯಚಿತ್ರಕಾರರ ಬಗ್ಗೆ ಇವತ್ತು ಮಾತಾಡಬೇಕೆಂದಿದ್ದೇನೆ. ಅವರು ಆನಂದ್ ಪಟವರ್ಧನ್. ಚಿತ್ರದ ಹೆಸರು 'ಬಾಂಬೆ ಅವರ್ ಸಿಟಿ'. ಹಿಂದಿಯಲ್ಲಿ 'ಹಮಾರಾ ಶಹರ್'. ಬಂದದ್ದು 1985ರಲ್ಲಿ. ಸುಮಾರು ಒಂದೂಕಾಲು ಗಂಟೆಯ ಚಿತ್ರ.

ಮುಂಬಯಿ ಕನ್ನಡಿಗರಿಗೆ ಹೊರಗಿನ ಊರೇನಲ್ಲ. ಯಶವಂತ ಚಿತ್ತಾಲರ 'ಶಿಕಾರಿ' ಓದಿದವರಿಗೆ, ಜಯಂತ ಕಾಯ್ಕಿಣಿಯವರ ಕಥೆಗಳನ್ನು ಓದಿದವರಿಗೆ ಅದರ ಲೋಕಲ್ ರೈಲು, ಚಾಳು, ಹೋಟೆಲಿನ ಹಿಂಬಾಗಿಲು ಎಲ್ಲವೂ ಗೊತ್ತು. ಕರಾವಳಿಯಲ್ಲಿ ಮುಂಬಯಿಗೆ ಒಬ್ಬರನ್ನಾದರೂ ಕಳಿಸದ ಮನೆ ಹುಡುಕಬೇಕು. ಕಲಬುರಗಿ, ಯಾದಗಿರಿ, ರಾಯಚೂರು ಕಡೆಯಿಂದ ಮಳೆ ಕೈಕೊಟ್ಟ ವರ್ಷ ಮಕ್ಕಳುಮರಿ ಕಟ್ಟಿಕೊಂಡು ಗುಳೆ ಹೋಗುವವರ ದಾರಿ ಇವತ್ತಿಗೂ ಪುಣೆ, ಮುಂಬಯಿಯ ಕಟ್ಟಡದ ಕೆಲಸದ ಕಡೆಗೇ. ಹಾಗಾಗಿ ಈ ಚಿತ್ರದಲ್ಲಿ ಕಾಣುವ ಜೋಪಡಿಗಳಲ್ಲಿ ನಮ್ಮವರೂ ಇದ್ದಿರಬಹುದು ಎಂಬ ಎಚ್ಚರದಿಂದಲೇ ಇದನ್ನು ನೋಡಬೇಕು.

ಚಿತ್ರ ಯಾಕೆ ಹುಟ್ಟಿತು ಎಂದು ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು. 1981ರ ಜುಲೈ ತಿಂಗಳು. ಮುಂಬಯಿಯಲ್ಲಿ ಜುಲೈ ಎಂದರೆ ಜಡಿಮಳೆ. ಆಗ ಮಹಾರಾಷ್ಟ್ರದ ಮುಖ್ಯಮಂತ್ರಿಯಾಗಿದ್ದವರು ಎ. ಆರ್. ಅಂತುಳೆ. ಪಾದಚಾರಿ ಹಾದಿಯ ಮೇಲೆ ಜೋಪಡಿ ಹಾಕಿಕೊಂಡವರನ್ನು ಎಬ್ಬಿಸಿ ಅವರವರ ಊರಿಗೆ ವಾಪಸು ಕಳಿಸುವುದಾಗಿ ಅವರು ಘೋಷಿಸಿದರು. ಆ ಮಳೆಯಲ್ಲೇ ಜೋಪಡಿಗಳನ್ನು ಕಿತ್ತು ಹಾಕಿ ಜನರನ್ನು ಬಸ್ಸಿಗೆ ತುಂಬಿದರು. ಹಾಗೆ ಬಸ್ಸು ಹತ್ತಿದವರಲ್ಲಿ ತಮಿಳುನಾಡಿನ ಸೇಲಂ ಕಡೆಯ ಒಬ್ಬ ಭೂಮಿಯಿಲ್ಲದ ಕೂಲಿಕಾರ ಇದ್ದ. ಊರಲ್ಲಿ ಕೂಲಿಯಿಲ್ಲವೆಂದೇ ಇಪ್ಪತ್ತು ವರ್ಷ ಹಿಂದೆ ಮುಂಬಯಿಗೆ ಬಂದವನು. ಹೆಂಡತಿ ಮಕ್ಕಳನ್ನು ಸೇಲಮ್ಮಿನಲ್ಲಿ ಬಿಟ್ಟು, ದುಡಿಮೆ ಹುಡುಕಿಕೊಂಡು ಮತ್ತೆ ಮುಂಬಯಿಗೇ ಬಂದ. ಈ ಸಂಗತಿ ಸುಪ್ರೀಂ ಕೋರ್ಟಿನ ತೀರ್ಪಿನಲ್ಲೇ ದಾಖಲಾಗಿದೆ. ಪತ್ರಕರ್ತೆ ಓಲ್ಗಾ ಟೆಲ್ಲಿಸ್ ಮತ್ತಿತರರು ಹೂಡಿದ ಆ ಮೊಕದ್ದಮೆ ಕಾನೂನು ಓದಿದವರಿಗೆಲ್ಲ ಪರಿಚಿತ. 1985ರ ಜುಲೈ 10ರಂದು ಮುಖ್ಯ ನ್ಯಾಯಮೂರ್ತಿ ವೈ. ವಿ. ಚಂದ್ರಚೂಡ್ ಅವರ ನೇತೃತ್ವದ ಐದು ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು. ಜೀವಿಸುವ ಹಕ್ಕಿನೊಳಗೆ ಹೊಟ್ಟೆಪಾಡಿನ ಹಕ್ಕೂ ಸೇರಿದೆ ಎಂದು ದೇಶದ ಅತಿ ದೊಡ್ಡ ನ್ಯಾಯಾಲಯ ಸಾರಿತು. ಅದೇ ತೀರ್ಪು, ನೋಟಿಸು ಕೊಟ್ಟು, ಕಾನೂನಿನ ಕ್ರಮದಂತೆ ಜೋಪಡಿ ತೆಗೆಸಬಹುದು ಎಂದೂ ಹೇಳಿತು. ಆ ವರ್ಷದ ಮಳೆಗಾಲ ಮುಗಿದು ಅಕ್ಟೋಬರ್ 31 ಕಳೆಯುವವರೆಗೆ ಮಾತ್ರ ಎಬ್ಬಿಸಕೂಡದು ಎಂದು ತಡೆಯಿತು. ಹಕ್ಕೂ ಸಿಕ್ಕಿತು, ಮನೆಯೂ ಹೋಯಿತು. ನನಗೆ ಆ ತೀರ್ಪನ್ನು ಓದುವಾಗಲೆಲ್ಲ ಸಂತೋಷ, ಸಂಕಟ ಎರಡೂ ಒಟ್ಟಿಗೇ ಆಗುತ್ತವೆ.

ಈ ಘೋಷಣೆಗೂ ಈ ತೀರ್ಪಿಗೂ ನಡುವಿನ ನಾಲ್ಕು ವರ್ಷಗಳಲ್ಲಿ ರೂಪುಗೊಂಡ ಚಿತ್ರ 'ಹಮಾರಾ ಶಹರ್'. ಅದೇ ಅವಧಿಯಲ್ಲಿ, 1982ರ ಜನವರಿಯಲ್ಲಿ, ದತ್ತಾ ಸಾಮಂತರ ಮುಂದಾಳುತನದಲ್ಲಿ ಬಟ್ಟೆ ಗಿರಣಿಗಳ ಸುಮಾರು ಎರಡೂವರೆ ಲಕ್ಷ ಕಾರ್ಮಿಕರು ಮುಷ್ಕರ ಹೂಡಿದ್ದರು. ಗಿರಣಿಯ ಭೋಂಗಾ ಕೇಳಿ ಎದ್ದು ಕೂರುತ್ತಿದ್ದ ಊರು ಒಳಗೊಳಗೇ ಬದಲಾಗುತ್ತಿತ್ತು.

ಪಟವರ್ಧನ್ ಹುಟ್ಟಿದ್ದು ಮುಂಬಯಿಯಲ್ಲೇ, 1950ರಲ್ಲಿ. ಸ್ವಾತಂತ್ರ್ಯ ಹೋರಾಟಗಾರರ ಮನೆತನ. ಅಚ್ಯುತ ಪಟವರ್ಧನ್ ಅವರ ದೊಡ್ಡಪ್ಪ. ತಾಯಿ ನಿರ್ಮಲಾ ಪಟವರ್ಧನ್ ಕುಂಬಾರಿಕೆಯ ಕಲೆಯಲ್ಲಿ ಹೆಸರು ಮಾಡಿದವರು. ಮುಂಬಯಿಯಲ್ಲಿ ಇಂಗ್ಲಿಷ್ ಸಾಹಿತ್ಯ, ಅಮೆರಿಕದಲ್ಲಿ ಸಮಾಜಶಾಸ್ತ್ರ ಓದಿ, ಬಂದು ಮಧ್ಯಪ್ರದೇಶದ ಹಳ್ಳಿಯೊಂದರಲ್ಲಿ ಕಿಶೋರ ಭಾರತಿ ಎಂಬ ಸಂಸ್ಥೆಯ ಜೊತೆ ಕೆಲಸ ಮಾಡಿದರು. ಮೊದಲ ಚಿತ್ರ 'ಕ್ರಾಂತಿ ಕೀ ತರಂಗೇಂ', ಜಯಪ್ರಕಾಶ ನಾರಾಯಣರ ಬಿಹಾರ ಚಳವಳಿಯದು. ತುರ್ತು ಪರಿಸ್ಥಿತಿ ಬಂದಾಗ ಅದನ್ನು ತುಂಡು ತುಂಡು ಮಾಡಿ ಕದ್ದು ವಿದೇಶಕ್ಕೆ ಸಾಗಿಸಬೇಕಾಯಿತು. ಅವರ ಚಿತ್ರಗಳಿಗೆ ಬಹುಮಟ್ಟಿಗೆ ನಿರ್ಮಾಪಕರೂ ಅವರೇ, ನಿರ್ದೇಶಕರೂ ಅವರೇ, ಸಂಕಲನಕಾರರೂ ಅವರೇ. ಬೇಕಾದಾಗ ಕ್ಯಾಮೆರಾ ಹೆಗಲಿಗೇರಿಸಿದವರೂ ಅವರೇ. 'ಹಮಾರಾ ಶಹರ್'ಗೆ ರಂಜನ್ ಪಾಲಿತ್ ಮುಂತಾದ ಗೆಳೆಯರು ಕ್ಯಾಮೆರಾ ಹಿಡಿದರು.

ಈಗ ಚಿತ್ರದೊಳಕ್ಕೆ ಹೋಗೋಣ.

ಮುನ್ಸಿಪಾಲಿಟಿಯ ಗಾಡಿ ಬಂದು ನಿಲ್ಲುತ್ತದೆ, ಜೊತೆಗೆ ಪೊಲೀಸರು. ಬಿದಿರಿನ ಗಳ, ತಗಡು, ಗೋಣಿ, ಪ್ಲಾಸ್ಟಿಕ್ ಹಾಳೆಗಳಿಂದ ಕಟ್ಟಿದ ಮನೆ ಕೆಡವಲು ಬಹಳ ಹೊತ್ತು ಬೇಕಾಗುವುದಿಲ್ಲ. ಇಂಥ ಹೊತ್ತಿನಲ್ಲಿ ಮನೆಯ ಹೆಂಗಸರು ಏನು ಮಾಡುತ್ತಾರೆ ನೋಡಿ. ಮೊದಲು ಹೊರಗೆ ಬರುವುದು ಕೊಡ, ಪಾತ್ರೆ, ಒಲೆಯ ಮೇಲಿದ್ದ ಅರೆಬೆಂದ ಅಡುಗೆ. ಆಮೇಲೆ ಹಾಸಿಗೆಯ ಸುರುಳಿ. ಕಾಗದಪತ್ರ ಇಟ್ಟ ಡಬ್ಬಿಯನ್ನಂತೂ ಸೆರಗಿನೊಳಗೇ ಅವುಚಿಕೊಂಡಿರುತ್ತಾರೆ, ಏಕೆಂದರೆ ರೇಷನ್ ಕಾರ್ಡು ಹೋದರೆ ತಾನು ಈ ಊರಿನವಳು ಎನ್ನಲು ಇನ್ನೇನೂ ಉಳಿಯುವುದಿಲ್ಲ. 1976ರಲ್ಲಿ ಜೋಪಡಪಟ್ಟಿಗಳ ಗಣತಿ ಮಾಡಿ ಫೋಟೊ ಇದ್ದ ಪಾಸು ಕೊಟ್ಟಿದ್ದರು. ಆ ಪಾಸು ಇದ್ದವರಿಗೆ ಬೇರೆ ಜಾಗದ ಆಸೆಯಾದರೂ ಇತ್ತು, ಇಲ್ಲದವರಿಗೆ ಅದೂ ಇಲ್ಲ. ಕಿತ್ತ ಗಳ, ತಗಡನ್ನು ಗಾಡಿಗೆ ಹೇರಿಕೊಂಡು ಹೋಗುವುದು ಮನೆ ಕೆಡವಿದ್ದಕ್ಕಿಂತ ದೊಡ್ಡ ಏಟು. ಮನೆ ಬಿದ್ದರೆ ಸಂಜೆಯೊಳಗೆ ಮತ್ತೆ ಎಬ್ಬಿಸಬಹುದು, ಗಳ ತರಲು ಮಾತ್ರ ಮತ್ತೆ ಸಾಲ ಮಾಡಬೇಕು.

ಚಿತ್ರ ಜೋಪಡಿಗಳಲ್ಲೇ ನಿಲ್ಲುವುದಿಲ್ಲ, ಎತ್ತರದ ಕಟ್ಟಡಗಳ ಬೈಠಕ್ ಖಾನೆಗಳಿಗೂ ಹೋಗುತ್ತದೆ. ಅಲ್ಲಿ ನಗರದ ಸೌಂದರ್ಯದ ಬಗ್ಗೆ, ಕೊಳಕಿನ ಬಗ್ಗೆ, ಹೊರಗಿನಿಂದ ಬಂದವರ ಬಗ್ಗೆ ಮಾತು ನಡೆಯುತ್ತಿರುತ್ತದೆ. ಆಗಿನ ಪೊಲೀಸ್ ಕಮಿಷನರ್ ಜೂಲಿಯೊ ರಿಬೇರೊ ಅವರೂ ಚಿತ್ರದಲ್ಲಿದ್ದಾರೆ. ಪಟವರ್ಧನ್ ಯಾರ ಬಾಯಿಯನ್ನೂ ಮುಚ್ಚಿಸುವುದಿಲ್ಲ. ಸಾಹೇಬರು ತಮ್ಮ ಮಾತು ತಾವು ಆಡಲಿ, ಕೂಲಿಯವರು ತಮ್ಮ ಮಾತು ತಾವು ಆಡಲಿ ಎಂದು ಬಿಡುತ್ತಾರೆ. ಎರಡನ್ನೂ ಅಕ್ಕಪಕ್ಕ ಇಟ್ಟಾಗ ನೋಡುವವರಿಗೆ ಒಂದು ಸಂಗತಿ ಹೊಳೆಯುತ್ತದೆ. ಆ ಎತ್ತರದ ಕಟ್ಟಡ ಕಟ್ಟಿದವರು, ಅಲ್ಲಿನ ಪಾತ್ರೆ ತೊಳೆಯುವವರು, ಕಾರು ಒರೆಸುವವರು ಎಲ್ಲ ಈ ಜೋಪಡಿಯವರೇ. ಬೆಳಿಗ್ಗೆ ಅವರು ಬೇಕು, ರಾತ್ರಿ ಅವರು ಎಲ್ಲಿ ಮಲಗಬೇಕು ಎಂಬ ಪ್ರಶ್ನೆ ಯಾರಿಗೂ ಬೇಡ.

ಆ ಹೆಂಗಸು ಬರುವುದು ಇಂಥ ಒಂದು ಜಾಗದಲ್ಲಿ. ಅವಳ ಮನೆಯನ್ನು ಈಗಷ್ಟೇ ಕೆಡವಿದ್ದಾರೆ. ಎದುರಿಗೆ ಕ್ಯಾಮೆರಾ ಹಿಡಿದವರು ನಿಂತಿದ್ದಾರೆ. ಅವಳು ಅಳುವುದಿಲ್ಲ, ಕ್ಯಾಮೆರಾದವರ ಮೇಲೇ ರೇಗುತ್ತಾಳೆ. ನೀವು ಬಡವರ ಚಿತ್ರ ತೆಗೆದುಕೊಂಡು ಹೋಗುತ್ತೀರಿ, ಹೆಸರು ಮಾಡುತ್ತೀರಿ, ಇದರಿಂದ ನಮಗೇನು ಬಂತು, ನಮಗೆ ಮನೆ ಕೊಡಿಸುತ್ತೀರೇನು ಎಂಬ ಅರ್ಥದ ಮಾತುಗಳು. ಮಾತಿಗೆ ಮಾತು ಕೂಡಿಸಿ ಚುಚ್ಚುತ್ತಾಳೆ. ಅವಳ ಸಿಟ್ಟು ಮುನ್ಸಿಪಾಲಿಟಿಯವರ ಮೇಲೂ ಇದೆ, ಚಿತ್ರ ತೆಗೆಯುವವರ ಮೇಲೂ ಇದೆ. ಅವಳ ಕಣ್ಣಿಗೆ ಇಬ್ಬರೂ ಹೊರಗಿನಿಂದ ಬಂದು ಹೊರಗೆ ಹೋಗುವವರೇ.

ಇದನ್ನು ನಾನು ಮೊದಲು ನೋಡಿದ್ದು ಒಂದು ಫಿಲಂ ಸೊಸೈಟಿಯ ಚಿಕ್ಕ ಸಭಾಂಗಣದಲ್ಲಿ. ಅಲ್ಲಿಯವರೆಗೆ ಪಿಸುಮಾತು ನಡೆಯುತ್ತಿದ್ದ ಸಭೆ ಅವಳು ಮಾತಾಡಲು ಶುರು ಮಾಡಿದ ಕೂಡಲೇ ಸ್ತಬ್ಧವಾಯಿತು. ಕ್ಯಾಮೆರಾದ ಹಿಂದೆ ನಿಂತವರಿಗೆ ಅವಳು ಬೈಯುತ್ತಿದ್ದಾಳೆಂದರೆ, ಕ್ಯಾಮೆರಾದ ಕಣ್ಣಿನಿಂದ ನೋಡುತ್ತ ಕುರ್ಚಿಯಲ್ಲಿ ಕೂತ ನಮಗೂ ಬೈದಂತೆಯೇ ಆಯಿತಲ್ಲ.

ಒಂದು ತಾಂತ್ರಿಕ ಸಂಗತಿ ಇಲ್ಲಿ ಹೇಳಲೇಬೇಕು. ಅದು 16 ಎಂಎಂ ಫಿಲ್ಮಿನ ಕಾಲ. ನಾನೂರು ಅಡಿಯ ಒಂದು ಸುರುಳಿ ಓಡುವುದು ಹೆಚ್ಚೆಂದರೆ ಹನ್ನೊಂದು ನಿಮಿಷ. ಸುರುಳಿ ದುಬಾರಿ, ಅದನ್ನು ಲ್ಯಾಬಿನಲ್ಲಿ ತೊಳೆಸುವುದು ದುಬಾರಿ, ಪ್ರಿಂಟು ಹಾಕಿಸುವುದು ಇನ್ನೂ ದುಬಾರಿ. ಧ್ವನಿಯನ್ನು ಬೇರೆ ಯಂತ್ರದಲ್ಲಿ ಟೇಪಿಗೆ ಹಿಡಿದು ಆಮೇಲೆ ಚಿತ್ರದ ಜೊತೆ ಹೊಂದಿಸಬೇಕು. ಈಗಿನ ಮೊಬೈಲಿನ ಹಾಗೆ ಸುಮ್ಮನೆ ಓಡಿಸಿಕೊಂಡಿದ್ದು ಆಮೇಲೆ ನೋಡೋಣ ಎನ್ನುವಂತಿರಲಿಲ್ಲ. ಕೈಯಿಂದ ದುಡ್ಡು ಹಾಕಿ ಚಿತ್ರ ಮಾಡುವವನಿಗೆ ಒಂದೊಂದು ಅಡಿಯೂ ಲೆಕ್ಕ. ಅಂಥದರಲ್ಲಿ, ತನ್ನನ್ನೇ ಬೈಯುವ ಹೆಂಗಸಿನ ಮೇಲೆ ಕ್ಯಾಮೆರಾ ನಿಲ್ಲಿಸದೆ ಓಡಿಸಬೇಕೆಂದರೆ ಅದು ಆ ಗಳಿಗೆಯ ನಿರ್ಧಾರ. ಸಂಕಲನದ ಮೇಜಿನ ಮೇಲೆ ಅದನ್ನು ಕತ್ತರಿಸದೆ ಉಳಿಸಿದ್ದು ಎರಡನೆಯ ನಿರ್ಧಾರ. ಕತ್ತರಿಸಿದ್ದರೆ ಕೇಳುವವರಿರಲಿಲ್ಲ. ಬಡವರ ಪರವಾದ ಒಳ್ಳೆಯ ಚಿತ್ರ ಎಂದು ಎಲ್ಲರೂ ಮೆಚ್ಚಿ ಮನೆಗೆ ಹೋಗುತ್ತಿದ್ದರು. ಆ ಒಂದು ದೃಶ್ಯ ಉಳಿಸಿದ್ದರಿಂದ, ಚಿತ್ರ ತೆಗೆದು ಏನು ಮಾಡುತ್ತೀರಿ ಎಂಬ ಪ್ರಶ್ನೆಗೆ ಉತ್ತರ ಕೊಡಬೇಕಾದ ಹೊಣೆ ಚಿತ್ರಕಾರನ ಹೆಗಲಿಗೆ ಬಿತ್ತು.

ಪಟವರ್ಧನ್ ಅವರ ಮುಂದಿನ ಬದುಕನ್ನು ನಾನು ಓದುವುದು ಆ ಪ್ರಶ್ನೆಯ ಬೆನ್ನು ಹತ್ತಿಯೇ. ಅವರ ಎಲ್ಲ ನಿಲುವುಗಳನ್ನೂ ಎಲ್ಲರೂ ಒಪ್ಪಬೇಕಾಗಿಲ್ಲ. ಆದರೆ ಚಿತ್ರ ತೆಗೆಸಿಕೊಂಡ ಜನರ ಬಳಿಗೆ ಅವರು ಮತ್ತೆ ಮತ್ತೆ ಹೋದದ್ದು, ಹೋಗಿ ಕೈಲಾದದ್ದು ಮಾಡಿದ್ದು ದಾಖಲೆಯಲ್ಲಿದೆ.

ಮೊದಲನೆಯದಾಗಿ, ಚಿತ್ರ ಜೋಪಡಪಟ್ಟಿಗಳಿಗೇ ಹೋಯಿತು. ತಮ್ಮ ಮನೆ ಬಿದ್ದದ್ದನ್ನು ಮಾತ್ರ ಕಂಡಿದ್ದವರು, ಊರಿನ ಇನ್ನೊಂದು ಮೂಲೆಯಲ್ಲಿ ಬಿದ್ದ ಮನೆಗಳನ್ನೂ ತೆರೆಯ ಮೇಲೆ ನೋಡಿದರು. ಎತ್ತರದ ಕಟ್ಟಡದೊಳಗೆ ತಮ್ಮ ಬಗ್ಗೆ ಏನು ಮಾತು ನಡೆಯುತ್ತದೆ ಎಂಬುದನ್ನು ಕಿವಿಯಾರೆ ಕೇಳಿದರು. ನೆರೆಹೊರೆ ಎನ್ನುವುದು ಹೀಗೂ ಬೆಳೆಯುತ್ತದೆ.

ಎರಡನೆಯದು 1986ರ ಉಪವಾಸ. ದಕ್ಷಿಣ ಮುಂಬಯಿಯ ಕಫ್ ಪರೇಡ್ ಕಡೆಗೆ ಸಂಜಯ ಗಾಂಧಿ ನಗರ ಎಂಬ ಜೋಪಡಪಟ್ಟಿ ಇತ್ತು. ಆ ಭಾಗದ ಬಹುಮಹಡಿ ಕಟ್ಟಡಗಳ ಕೆಲಸಕ್ಕೆ ಬಂದು ಅಲ್ಲೇ ಬೀಡುಬಿಟ್ಟ ಕೂಲಿಗಳು, ಮನೆಗೆಲಸದ ಹೆಂಗಸರು ಅಲ್ಲಿದ್ದರು. ಅದನ್ನು ನೆಲಸಮ ಮಾಡಿದಾಗ ವಸತಿ ಹಕ್ಕಿನ ಸಂಘಟನೆಯಾದ ನಿವಾರಾ ಹಕ್ಕ್ ಹೋರಾಟಕ್ಕೆ ಇಳಿಯಿತು. ನಟಿ ಶಬಾನಾ ಆಜ್ಮಿ, ಪಟವರ್ಧನ್ ಇಬ್ಬರೂ ಅಲ್ಲಿನವರ ಜೊತೆ ಉಪವಾಸ ಕೂತರು. 'ಹಮಾರಾ ಶಹರ್'ಗೆ ರಾಷ್ಟ್ರಪ್ರಶಸ್ತಿ ಬಂದದ್ದೂ ಅದೇ ಕಾಲಕ್ಕೆ. ಹೋರಾಟಕ್ಕೆ ಫಲ ಸಿಕ್ಕಿತು. ಬೇರೆ ಜಾಗ ಕೊಡಲು ಸರ್ಕಾರ ಒಪ್ಪಿತು. ಗೋರೆಗಾಂವ್ ಬಳಿಯ ದಿಂಡೋಶಿಯಲ್ಲಿ ವಾಸ್ತುಶಿಲ್ಪಿ ಪಿ. ಕೆ. ದಾಸ್ ಅವರ ನೆರವಿನಿಂದ ಹೊಸ ಸಂಜಯ ಗಾಂಧಿ ನಗರ ಎದ್ದಿತು.

ಇಲ್ಲಿ ಒಂದು ಮಾತನ್ನು ಬಿಡುವ ಹಾಗಿಲ್ಲ. ಕಫ್ ಪರೇಡಿನಿಂದ ದಿಂಡೋಶಿಗೆ ಸುಮಾರು ಮೂವತ್ತು ಕಿಲೋಮೀಟರು. ಎದುರಿನ ಕಟ್ಟಡದಲ್ಲಿ ಪಾತ್ರೆ ತೊಳೆದು ಹತ್ತು ನಿಮಿಷದಲ್ಲಿ ಮನೆಗೆ ಬಂದು ಮಗುವಿಗೆ ಉಣಿಸುತ್ತಿದ್ದ ಹೆಂಗಸಿಗೆ ಮೂವತ್ತು ಕಿಲೋಮೀಟರು ಎಂದರೆ ಕೆಲಸ ಹೋದ ಹಾಗೆಯೇ. ಪಾದಚಾರಿ ಹಾದಿಯವರು ಸುಪ್ರೀಂ ಕೋರ್ಟಿನ ಮುಂದೆ ಇಟ್ಟ ವಾದವೂ ಇದೇ ಆಗಿತ್ತು: ನಮ್ಮ ಮನೆ ಇಲ್ಲಿರುವುದು ನಮ್ಮ ದುಡಿಮೆ ಇಲ್ಲಿರುವುದರಿಂದ, ಮನೆ ತೆಗೆದರೆ ದುಡಿಮೆಯನ್ನೂ ತೆಗೆದಂತೆ. ಹೀಗಿದ್ದೂ, ದಿಂಡೋಶಿಯಲ್ಲಿ ಅವರ ಕಾಲ ಕೆಳಗಿನ ನೆಲ ಇನ್ನು ಯಾರೂ ಕಿತ್ತುಕೊಳ್ಳಲಾಗದ ನೆಲವಾಗಿತ್ತು. ಅದನ್ನು ಕಡಿಮೆ ಎನ್ನಲು ನನಗೆ ಬಾಯಿ ಬಾರದು.

ಊರಿನ ಬಡವರನ್ನು ಚಿತ್ರಕಾರ ಬಂದು ಒಗ್ಗೂಡಿಸಿದ ಎಂದು ಯಾರೂ ತಿಳಿಯಬಾರದು. ಅವರು ಮೊದಲೇ ಒಗ್ಗೂಡಿದ್ದರು. ಇದನ್ನು ಹೇಳುವಾಗ ನಮ್ಮ ಕೋಲಾರ ಚಿನ್ನದ ಗಣಿಯ ಮಗ ಜೋಕಿನ್ ಅರ್ಪುತಂ ಅವರನ್ನು ನೆನೆಯದಿರಲಾರೆ. ಕೆಜಿಎಫ್‌ನಲ್ಲಿ ಹುಟ್ಟಿ, ಹದಿಹರೆಯ ದಾಟುವ ಹೊತ್ತಿಗೆ ಮುಂಬಯಿಗೆ ಬಂದು, ಬಡಗಿ ಕೆಲಸ ಮಾಡುತ್ತ ಮಾನಖುರ್ದ್ ಕಡೆಯ ಜನತಾ ಕಾಲೊನಿಯಲ್ಲಿ ಉಳಿದವರು. ಅಲ್ಲಿ ಕಸ ಎತ್ತುವವರೇ ಇರಲಿಲ್ಲ. ಮಕ್ಕಳನ್ನು ಕಟ್ಟಿಕೊಂಡು ಆ ಕಸವನ್ನೆಲ್ಲ ಹೊತ್ತೊಯ್ದು ಮುನ್ಸಿಪಾಲಿಟಿಯ ಕಚೇರಿಯ ಮುಂದೆ ಸುರಿಸಿದರು. ಕಸ ಎತ್ತುವ ವ್ಯವಸ್ಥೆ ಬಂತು. 1974ರಲ್ಲಿ ಜೋಪಡಪಟ್ಟಿ ನಿವಾಸಿಗಳ ರಾಷ್ಟ್ರೀಯ ಒಕ್ಕೂಟ ಕಟ್ಟಿದರು. ಪಕ್ಕದ ಭಾಭಾ ಅಣುಸಂಶೋಧನಾ ಕೇಂದ್ರಕ್ಕೆ ಜಾಗ ಬೇಕೆಂದು 1976ರಲ್ಲಿ, ತುರ್ತು ಪರಿಸ್ಥಿತಿಯ ನಡುವೆ, ಜನತಾ ಕಾಲೊನಿಯ ಹತ್ತಾರು ಸಾವಿರ ಜನರನ್ನು ಚೀತಾ ಕ್ಯಾಂಪಿಗೆ ಎಬ್ಬಿಸಿ ಕಳಿಸಿದರು. ಜೋಕಿನ್ ಅಲ್ಲಿಗೂ ಹೋಗಿ ಮತ್ತೆ ಕಟ್ಟಿದರು. 2000ದಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ, 2011ರಲ್ಲಿ ಪದ್ಮಶ್ರೀ. 2018ರಲ್ಲಿ ತೀರಿಕೊಂಡರು. ಗಣಿಯ ಊರಿನಿಂದ ಹೋದ ಈ ಮನುಷ್ಯನ ಹೆಸರು ನಮ್ಮ ಶಾಲೆಯ ಪುಸ್ತಕಗಳಲ್ಲಿ ಬರಬೇಕಿತ್ತು ಎಂದು ನನಗೆ ಅನಿಸುತ್ತದೆ.

ಮೂರನೆಯದು ಎಲ್ಲಕ್ಕಿಂತ ದೊಡ್ಡ ಕತೆ.

'ಹಮಾರಾ ಶಹರ್'ನಲ್ಲಿ ಒಬ್ಬ ಹಾಡುಗಾರ ಬರುತ್ತಾರೆ. ವಿಲಾಸ್ ಘೋಗ್ರೆ. ಮುಲುಂಡಿನ ಜೋಪಡಪಟ್ಟಿಯಲ್ಲಿದ್ದ ದಲಿತ ಕವಿ, ಗಾಯಕ. ಮರಾಠಿಯಲ್ಲಿ ಇಂಥವರನ್ನು ಶಾಹೀರ ಎನ್ನುತ್ತಾರೆ. ನಮ್ಮ ಉತ್ತರ ಕರ್ನಾಟಕದಲ್ಲಿ ದಪ್ಪು, ತುಂತುಣಿ ಹಿಡಿದು ಗೀಗೀ ಪದ ಹಾಡುವ ಮೇಳ ಕೇಳಿದವರಿಗೆ ಆ ಪರಂಪರೆ ಹೊಸದಲ್ಲ. ಗಡಿಯ ಎರಡೂ ಕಡೆ ಒಂದೇ ನೀರು ಹರಿದಿದೆ. ದುಡಿಯುವವರ ಸಂಕಟವನ್ನು ಘೋಗ್ರೆ ತಾವೇ ಕಟ್ಟಿ, ತುಂಬು ಗಂಟಲಿನಿಂದ ಹಾಡಿದ್ದಾರೆ. ಚಿತ್ರ ನೋಡಿ ಬಂದವರ ಕಿವಿಯಲ್ಲಿ ಉಳಿಯುವುದು ಆ ಧ್ವನಿ.

1997ರ ಜುಲೈ 11. ಘಾಟಕೋಪರದ ರಮಾಬಾಯಿ ಅಂಬೇಡ್ಕರ್ ನಗರದಲ್ಲಿ ಬೆಳಗಾಗುವಾಗ ಬಾಬಾಸಾಹೇಬರ ಪ್ರತಿಮೆಗೆ ಯಾರೋ ಚಪ್ಪಲಿ ಹಾರ ಹಾಕಿದ್ದು ಕಂಡಿತು. ನೊಂದ ಜನ ಹೆದ್ದಾರಿಗೆ ಬಂದರು. ಮೀಸಲು ಪೊಲೀಸರು ಗುಂಡು ಹಾರಿಸಿದರು. ಹತ್ತು ಮಂದಿ ಸತ್ತರು. ನಾಲ್ಕು ದಿನ ಕಳೆದು, ಜುಲೈ 15ರಂದು, ವಿಲಾಸ್ ಘೋಗ್ರೆ ತಮ್ಮ ಜೋಪಡಿಯಲ್ಲಿ ಪ್ರಾಣ ಬಿಟ್ಟರು. ತಾವೇ ತೆಗೆದುಕೊಂಡ ಪ್ರಾಣ. ಎಡಪಂಥೀಯ ಸಾಂಸ್ಕೃತಿಕ ತಂಡದ ಜೊತೆ ವರ್ಷಗಟ್ಟಲೆ ಹಾಡಿದ ಮನುಷ್ಯ ಕೊನೆಯ ಗಳಿಗೆಯಲ್ಲಿ ತಲೆಗೆ ಅಂಬೇಡ್ಕರ್ ಚಳವಳಿಯ ನೀಲಿ ಬಟ್ಟೆ ಸುತ್ತಿಕೊಂಡಿದ್ದರು.

ತನ್ನ ಚಿತ್ರಕ್ಕೆ ಹಾಡಿದವನ ಸಾವು ಪಟವರ್ಧನರನ್ನು ಸುಮ್ಮನಿರಗೊಡಲಿಲ್ಲ. ಆ ನೀಲಿ ಬಟ್ಟೆಯ ಅರ್ಥ ಹುಡುಕಿಕೊಂಡು ಅವರು ಮತ್ತೆ ಕ್ಯಾಮೆರಾ ಎತ್ತಿಕೊಂಡರು. ಹದಿನಾಲ್ಕು ವರ್ಷ ಹಿಡಿಯಿತು. 'ಜೈ ಭೀಮ್ ಕಾಮ್ರೇಡ್' ಪೂರ್ತಿಯಾದದ್ದು 2011ರಲ್ಲಿ. ಮೂರು ಗಂಟೆಗೂ ಮೀರಿದ ಚಿತ್ರ. ಈ ಹದಿನಾಲ್ಕು ವರ್ಷಗಳಲ್ಲಿ ಗುಂಡೇಟಿಗೆ ಸತ್ತವರ ಮನೆಯ ಮಕ್ಕಳು ದೊಡ್ಡವರಾಗಿದ್ದಾರೆ, ತನಿಖಾ ಆಯೋಗ ಕೂತು ಎದ್ದಿದೆ, ಸಾಕ್ಷಿಗಳು ಕೋರ್ಟಿಗೆ ಅಲೆದಿದ್ದಾರೆ, ಗುಂಡು ಹಾರಿಸಲು ಹೇಳಿದ ಅಧಿಕಾರಿಗೆ 2009ರಲ್ಲಿ ಜೀವಾವಧಿ ಶಿಕ್ಷೆಯಾಗಿ ಜಾಮೀನೂ ಸಿಕ್ಕಿದೆ. ಇಷ್ಟೂ ಕಾಲ ಕ್ಯಾಮೆರಾ ಅದೇ ಮನೆಗಳಿಗೆ ಹೋಗಿ ಬಂದಿದೆ. ಈ ಚಿತ್ರ ಮುಂಬಯಿಯ ಕಸದ ಗುಡ್ಡೆಗೂ ಕರೆದೊಯ್ಯುತ್ತದೆ, ಅಲ್ಲಿ ಬರಿಗೈಯಲ್ಲಿ ದುಡಿಯುವ ದಲಿತ ಕಾರ್ಮಿಕರ ಮಾತು ಕೇಳಿಸುತ್ತದೆ. ಬಾಬಾಸಾಹೇಬರ ಪುಣ್ಯತಿಥಿಯಾದ ಡಿಸೆಂಬರ್ 6ರಂದು ದಾದರಿನ ಚೈತ್ಯಭೂಮಿಗೆ ಬರುವ ಲಕ್ಷಾಂತರ ಜನರ ನಡುವೆ ನಿಲ್ಲುತ್ತದೆ. ನಮ್ಮ ಬೀದರ, ಕಲಬುರಗಿ, ಬೆಳಗಾವಿ, ವಿಜಯಪುರದಿಂದಲೂ ಆ ದಿನ ಚೈತ್ಯಭೂಮಿಗೆ ಹೋಗುವವರಿದ್ದಾರೆ.

ನನ್ನ ಮಟ್ಟಿಗೆ ಈ ಚಿತ್ರದ ಹೆಚ್ಚುಗಾರಿಕೆ ಇರುವುದು ಹಾಡುಗಳಲ್ಲಿ. ಮನೆಯ ಹೊಸ್ತಿಲಲ್ಲಿ ಕೂತ ಅಜ್ಜಿ ಬಾಬಾಸಾಹೇಬರ ಹಾಡು ಹಾಡುತ್ತಾಳೆ, ಮದುವೆಯ ಚಪ್ಪರದಲ್ಲಿ ಹಾಡುತ್ತಾರೆ, ಬೀದಿಯಲ್ಲಿ ಹಾಡುತ್ತಾರೆ. ಓದು ಬರಹ ಇಲ್ಲದವರ ಬಾಯಲ್ಲಿ ಸಂವಿಧಾನ, ಸಮಾನತೆ, ಸ್ವಾಭಿಮಾನ ಎಲ್ಲವೂ ಹಾಡಿನ ಸಾಲಾಗಿ ನಿಂತಿವೆ. ಸುಮ್ಮನೆ ಜೋಪಡಪಟ್ಟಿ ಎಂದು ಕಣ್ಣು ತಿರುಗಿಸುವವರು ಅಲ್ಲಿ ಇಷ್ಟು ದೊಡ್ಡ ಗ್ರಂಥಾಲಯ ಜನರ ಕಂಠದಲ್ಲಿದೆ ಎಂದು ಊಹಿಸಲಾರರು.

ಪುಣೆಯ ಕಬೀರ್ ಕಲಾ ಮಂಚ್ ಎಂಬ ಎಳೆಯರ ತಂಡವೂ ಚಿತ್ರದಲ್ಲಿದೆ. ಅದರ ಹಾಡುಗಾರ್ತಿ ಶೀತಲ್ ಸಾಠೆ ಅವರ ಕಂಠ ಒಮ್ಮೆ ಕೇಳಿದರೆ ಮರೆಯುವಂಥದಲ್ಲ. ನಕ್ಸಲರ ನಂಟಿನ ಆರೋಪ ಬಂದು ತಂಡದವರು ತಲೆಮರೆಸಿಕೊಳ್ಳಬೇಕಾಯಿತು. ಪಟವರ್ಧನ್ ಚಿತ್ರಕ್ಕೆ ಬಂದ ಪ್ರಶಸ್ತಿಯ ಹಣವನ್ನು ಅವರ ರಕ್ಷಣೆಯ ಸಮಿತಿಗೆ ಕೊಟ್ಟು, ಅವರ ಪರವಾಗಿ ನಿಂತರು. 2013ರ ಏಪ್ರಿಲಿನಲ್ಲಿ ಶೀತಲ್ ಮತ್ತು ತಂಡದ ಸಚಿನ್ ಮಾಳಿ ಮುಂಬಯಿಯ ವಿಧಾನ ಭವನದ ಮುಂದೆ ಬಂದು, ಇದು ನಮ್ಮ ಸತ್ಯಾಗ್ರಹ ಎಂದು ಹೇಳಿ ಪೊಲೀಸರ ವಶವಾದರು. ಗರ್ಭಿಣಿಯಾಗಿದ್ದ ಶೀತಲ್‌ಗೆ ಅದೇ ವರ್ಷ ಹೈಕೋರ್ಟಿನಿಂದ ಜಾಮೀನು ಸಿಕ್ಕಿತು. ಸಚಿನ್ ಮತ್ತು ತಂಡದ ಇನ್ನಿಬ್ಬರಿಗೆ ಸಿಕ್ಕಿದ್ದು 2017ರಲ್ಲಿ, ಸುಪ್ರೀಂ ಕೋರ್ಟಿನಿಂದ.

ಚಿತ್ರಕಾರ ಇಷ್ಟೆಲ್ಲ ಮಾಡಬೇಕೆ, ಚಿತ್ರ ಮಾಡುವುದಷ್ಟೇ ಅವನ ಕೆಲಸವಲ್ಲವೆ ಎಂದು ಕೇಳುವವರಿದ್ದಾರೆ. ಕೇಳತಕ್ಕ ಪ್ರಶ್ನೆಯೇ. ಜನರಿಂದ ದೂರ ನಿಂತು, ಒಂದು ಕಡೆಗೂ ವಾಲದೆ, ಕಂಡದ್ದನ್ನು ಕಂಡಹಾಗೆ ತೋರಿಸಿದ ದೊಡ್ಡ ಸಾಕ್ಷ್ಯಚಿತ್ರಕಾರರು ಜಗತ್ತಿನಲ್ಲಿದ್ದಾರೆ. ಅಮೆರಿಕದ ಫ್ರೆಡರಿಕ್ ವೈಸ್‌ಮನ್ ಹಾಗೆ ಮಾಡಿದವರು; ಹಿನ್ನೆಲೆ ಮಾತಿಲ್ಲ, ಸಂದರ್ಶನವಿಲ್ಲ, ಸಭೆ, ಆಸ್ಪತ್ರೆ, ಗ್ರಂಥಾಲಯಗಳಲ್ಲಿ ನಡೆಯುವುದನ್ನು ತಾಳ್ಮೆಯಿಂದ ನೋಡುತ್ತ ಹೋಗುವುದು. ನ್ಯೂಯಾರ್ಕಿನ ಜಾಕ್ಸನ್ ಹೈಟ್ಸ್ ಎಂಬ ಬಡಾವಣೆಯ ಬಗ್ಗೆ ಅವರು 2015ರಲ್ಲಿ ಮಾಡಿದ ಚಿತ್ರವನ್ನು ನಾನು ಬಹಳ ಮೆಚ್ಚುತ್ತೇನೆ. ಅಲ್ಲಿ ಜನರ ಕೈಯಲ್ಲಿ ಸಭೆಯಿದೆ, ಕಚೇರಿಯಿದೆ, ತಮ್ಮ ಮಾತು ನಡೆಸುವ ದಾರಿಗಳಿವೆ. ಮಳೆಯಲ್ಲಿ ತಗಡು ಕಿತ್ತುಕೊಂಡು ಹೋಗುತ್ತಿರುವಾಗ ಎದುರು ನಿಂತ ಹೆಂಗಸಿನ ಮುಂದೆ ಹಾಗೆ ಸುಮ್ಮನೆ ನೋಡುತ್ತ ನಿಲ್ಲುವುದು ಸಾಧ್ಯವೇ? ನನಗೆ ಸಾಧ್ಯವೆನಿಸುವುದಿಲ್ಲ. ಅವಳ ಪ್ರಶ್ನೆಗೆ ಮಾತಿನ ಉತ್ತರ ಇರಲಿಲ್ಲ.

ಇಂಥ ಚಿತ್ರಗಳು ಜನರನ್ನು ಮುಟ್ಟುವುದು ಸುಲಭವೂ ಅಲ್ಲ. ಪ್ರಶಸ್ತಿ ಬಂದ ಚಿತ್ರಗಳನ್ನೇ ದೂರದರ್ಶನದಲ್ಲಿ ಹಾಕಿಸಲು ಪಟವರ್ಧನ್ ಮತ್ತೆ ಮತ್ತೆ ನ್ಯಾಯಾಲಯ ಹತ್ತಿದರು. 'ರಾಮ್ ಕೇ ನಾಮ್' ಪ್ರಸಾರವಾದದ್ದು ಕೋರ್ಟಿನ ಆದೇಶದಿಂದ. 'ಪಿತಾ, ಪುತ್ರ ಔರ್ ಧರ್ಮಯುದ್ಧ' ಚಿತ್ರದ ವಿಷಯ ಸುಪ್ರೀಂ ಕೋರ್ಟಿನವರೆಗೆ ಹೋಗಿ, 2006ರ ಆಗಸ್ಟಿನಲ್ಲಿ ಅವರ ಪರವಾಗಿ ತೀರ್ಪಾಯಿತು.

ಇನ್ನು ನಮ್ಮ ಊರಿನ ಮಾತು. 2013ರ ಜನವರಿಯಲ್ಲಿ ಬೆಂಗಳೂರಿನ ಈಜಿಪುರದಲ್ಲಿ ಸಾವಿರಕ್ಕೂ ಹೆಚ್ಚು ಬಡ ಕುಟುಂಬಗಳ ಶೆಡ್ಡುಗಳನ್ನು ಕೆಡವಿದರು. ಚಳಿಯಲ್ಲಿ ಮಕ್ಕಳನ್ನು ಮಡಿಲಲ್ಲಿ ಹಾಕಿಕೊಂಡು ತಾಯಂದಿರು ರಸ್ತೆ ಬದಿಯಲ್ಲಿ ಕೂತರು. 2020ರ ಜನವರಿಯಲ್ಲಿ ಬೆಳ್ಳಂದೂರು ಕಡೆಯ ಕರಿಯಮ್ಮನ ಅಗ್ರಹಾರದಲ್ಲಿ, ಹೊರದೇಶದವರು ಎಂಬ ಗುಲ್ಲಿನ ಮೇಲೆ ಕೂಲಿಗಳ ಶೆಡ್ಡುಗಳನ್ನು ಕೆಡವಿದಾಗ ಅಲ್ಲಿ ಉತ್ತರ ಕರ್ನಾಟಕದಿಂದ ಗುಳೆ ಬಂದವರೂ ಇದ್ದರು. ರಾಯಚೂರಿನ ಹೆಣ್ಣುಮಗಳು ತನ್ನ ರಾಜ್ಯದ ರಾಜಧಾನಿಯಲ್ಲಿ ನಿಂತು ನಾನು ಈ ದೇಶದವಳು ಎಂದು ಕಾಗದ ತೋರಿಸಬೇಕಾಯಿತು. ಹೈಕೋರ್ಟು ನಡುವೆ ಬಂತು. ಬೆಂಗಳೂರಿನ ಬದಲಾವಣೆಯನ್ನು ಚಿತ್ರಿಸಿದವರು ಇಲ್ಲದಿಲ್ಲ. ಗೌತಮ್ ಸೊಂಟಿ ಮತ್ತು ಉಷಾ ರಾವ್ ಅವರ 'ಅವರ್ ಮೆಟ್ರೊಪಾಲಿಸ್' ಮೆಟ್ರೊ ಕಾಮಗಾರಿಯ ಕಾಲದ ಬೆಂಗಳೂರನ್ನು ವರ್ಷಗಟ್ಟಲೆ ಹಿಂಬಾಲಿಸಿ 2014ರಲ್ಲಿ ಬಂದ ಚಿತ್ರ. ಪೆಡೆಸ್ಟ್ರಿಯನ್ ಪಿಕ್ಚರ್ಸ್ ಗೆಳೆಯರು ಊರೂರಿಗೆ ಸಾಕ್ಷ್ಯಚಿತ್ರ ಹೊತ್ತುಕೊಂಡು ಹೋಗಿ ತೋರಿಸಿದ್ದಾರೆ. ಇವರ ಕೆಲಸ ಇನ್ನೂ ಹಲವು ಪಟ್ಟು ಬೆಳೆಯಬೇಕು.

ಅದಕ್ಕಾಗಿ ಕಾಲೇಜುಗಳ ಮೇಷ್ಟರುಗಳಲ್ಲಿ, ಫಿಲಂ ಸೊಸೈಟಿಯ ಗೆಳೆಯರಲ್ಲಿ, ಸಂಘಟನೆಗಳವರಲ್ಲಿ ನನ್ನದೊಂದು ಬೇಡಿಕೆ ಇದೆ. 'ಹಮಾರಾ ಶಹರ್' ತೋರಿಸಿ, 'ಜೈ ಭೀಮ್ ಕಾಮ್ರೇಡ್' ತೋರಿಸಿ. ಗಡಿ ಜಿಲ್ಲೆಗಳಲ್ಲಿ ಮರಾಠಿ, ಹಿಂದಿ ಬಲ್ಲವರು ಬೇಕಾದಷ್ಟಿದ್ದಾರೆ. ಉಳಿದ ಕಡೆ ಕನ್ನಡ ಅಡಿಬರಹ ಹಾಕಿಕೊಳ್ಳಿ. ಮೂರು ಗಂಟೆ ದೊಡ್ಡದಾಯಿತು ಎಂದು ಕತ್ತರಿಸಿ ತೋರಿಸಬೇಡಿ, ಎರಡು ಸಂಜೆ ಮಾಡಿಕೊಳ್ಳಿ. ಸಭಾಂಗಣದ ಬಾಗಿಲನ್ನು ವಿದ್ಯಾರ್ಥಿಗಳಿಗಷ್ಟೇ ತೆರೆಯಬೇಡಿ, ಅದೇ ಕಾಲೇಜಿನ ಕಟ್ಟಡ ಕಟ್ಟುತ್ತಿರುವ ಕೂಲಿಯವರನ್ನೂ, ಕಸ ಗುಡಿಸುವ ಅಮ್ಮಂದಿರನ್ನೂ ಕರೆದು ಮುಂದಿನ ಸಾಲಿನಲ್ಲಿ ಕೂರಿಸಿ. ಚಿತ್ರ ಮುಗಿದ ಮೇಲೆ ಮೈಕನ್ನು ಮೊದಲು ಅವರ ಕೈಗೆ ಕೊಡಿ.